ಮಣ್ಣಿಗಿಳಿದ ತಂತಿ

"ಆ ಹಿಟ್ಟಿನ ಕೋಲು ಕೆಳಗಿಡ್ತೀಯೋ ಇಲ್ವೋ?"

ಅಜ್ಜಿಯ ಕೂಗು ಒಲೆಯ ಕಡೆಯಿಂದ ಬಂತು. ಜಗದಾಂಬ ಕೋಲು ಕೆಳಗಿಡಲಿಲ್ಲ. ಮುದ್ದೆ ತಿರುವುವ ಆ ಉದ್ದನೆಯ ಮರದ ಕೋಲನ್ನು ಲಂಗದಲ್ಲಿ ಚೆನ್ನಾಗಿ ಒರೆಸಿದಳು. ಎರಡೂ ಕೈಯಲ್ಲಿ ಎತ್ತಿ, ಅದರ ತುದಿಯಿಂದ ಗೋಡೆಯ ಸ್ವಿಚ್ಚನ್ನು ಒತ್ತಿದಳು. ಟಕ್ ಎಂದಿತು. ಹಿಂದಿನ ಕೋಣೆಯ ಬಲ್ಬು ಹತ್ತಿತು.

"ದೀಪ ಹಚ್ಚಿದ್ರೆ ಕೈ ಮುಗೀತಾರೆ ಕಣೇ! ಇವ್ಳು ನೋಡು, ದೀಪಕ್ಕೆ ದೊಣ್ಣೆ ತೋರಿಸ್ತಾಳೆ!"

"ತೊಳ್ದು ಕೊಡ್ತೀನಿ ಬುಡು ಅಜ್ಜಿ."

"ತೊಳ್ದು ಕೊಡ್ತಾಳಂತೆ! ಸುಣ್ಣ ಮೆತ್ತಿದ ಕೋಲಲ್ಲಿ ತಿರುವಿದ ಮುದ್ದೆ ನೀನೇ ಉಣ್ಣು."

ಅದು ೧೯೬೩. ಜಗದಾಂಬಳ ಅಪ್ಪ ಮಹಾಲಿಂಗಯ್ಯನವರಿಗೆ ಶಿರಾದ ಪೇಟೆಯಲ್ಲಿ ವಿಭೂತಿ, ಊದುಬತ್ತಿ ಮಾರುವ ಅಂಗಡಿಯಿತ್ತು. ಅಂಗಡಿಯ ಹಿಂದಿನ ಬೀದಿಯಲ್ಲಿ ಮನೆ. ಮನೆಗೆ ಲೈಟು ಬಂದು ಎರಡು ವರ್ಷವಾಗಿತ್ತು.

ಹಿಂದಿನ ಕೋಣೆಯ ಸ್ವಿಚ್ಚಿಗೆ ಹಿತ್ತಾಳೆಯ ಗುಂಡನೆಯ ಮುಚ್ಚಳ. ಅದು ಜಗದಾಂಬಳಿಗೆ ಎರಡು ಸಲ ಹೊಡೆದಿತ್ತು. ಮೊದಲ ಸಲ ಬೆರಳ ತುದಿ ಚುರುಕ್ಕೆಂದಿತ್ತು, ಅಷ್ಟೆ. ಎರಡನೆಯ ಸಲ, ಅಂದರೆ ನಿನ್ನೆ ಸಂಜೆ, ಮೊಣಕೈವರೆಗೆ ಜುಮ್ಮೆಂದು ಕೈ ತಾನಾಗಿಯೇ ಹಿಂದಕ್ಕೆ ಹಾರಿತ್ತು.

ಕೈ ನೋವು ಆಗಲೇ ಹೋಗಿತ್ತು. ಅವಳ ಚಿಂತೆ ತಮ್ಮ ಚನ್ನುವಿನದು. ಸ್ವಿಚ್ಚಿನಿಂದ ಒಂದು ಕಬ್ಬಿಣದ ಪೈಪು ಗೋಡೆಯ ಬುಡದವರೆಗೆ ಇಳಿದು ಹಿತ್ತಿಲಿನ ಬಚ್ಚಲಿಗೆ ಹೋಗುತ್ತಿತ್ತು. ಬಚ್ಚಲಿನ ಬಲ್ಬಿನ ವೈರು ಅದರೊಳಗಿತ್ತು. ಚನ್ನುವಿಗೆ ಹತ್ತು ತಿಂಗಳು. ಅಂಬೆಗಾಲಲ್ಲಿ ಬಂದು, ಕೈಗೆ ಸಿಕ್ಕಿದ್ದನ್ನು ಹಿಡಿದು ಎದ್ದು ನಿಲ್ಲಲು ನೋಡುತ್ತಿದ್ದ. ಮುಚ್ಚಳ ಹೊಡೆದರೆ, ಅದಕ್ಕೆ ಅಂಟಿಕೊಂಡ ಪೈಪು ಸುಮ್ಮನಿರುತ್ತದೆಯೇ?

ಅಪ್ಪ ಅಂಗಡಿಯಿಂದ ಬಂದಾಗ ಅವಳು ಎಲ್ಲವನ್ನೂ ಹೇಳಿದಳು.

"ನಾನು ದಿನಾ ಬೆಳಗ್ಗೆ ಅದೇ ಸ್ವಿಚ್ ಹಾಕ್ತೀನಲ್ಲಮ್ಮ. ನನಗೇನೂ ಆಗಿಲ್ಲ" ಅಂದರು ಅಪ್ಪ. "ಕರೆಂಟ್ ಸೋರಿದ್ರೆ ಫ್ಯೂಸ್ ಹೋಗ್ತಿತ್ತು. ಹೋಗಿಲ್ಲ."

"ಆದ್ರೂ ಹೊಡೀತು, ಅಪ್ಪಾಜಿ."

ಅಪ್ಪ ಅವಳ ಮುಖ ನೋಡಿದರು. "ಸರಿ, ನಾಳೆ ಕುತುಬುದ್ದೀನ್ ಸಾಬ್ರಿಗೆ ಹೇಳ್ತೀನಿ."

ಕುತುಬುದ್ದೀನ್ ವೈರ್‌ಮನ್. ಆ ಮನೆಗೆ ವೈರು ಎಳೆದವರು ಅವರೇ. ಬುಧವಾರ ಮಧ್ಯಾಹ್ನ ಹಿತ್ತಿಲ ಬಾಗಿಲಿನಿಂದ ಒಳಗೆ ಬಂದರು. ಕಾಲಲ್ಲಿ ಲಾರಿಯ ಹಳೆಯ ಟೈರು ಕತ್ತರಿಸಿ ಮಾಡಿದ ದಪ್ಪ ಮೆಟ್ಟು.

"ಮೆಟ್ಟು ಬುಟ್ಟು ಬರಬಾರದಾ ಸಾಬ್ರೇ? ಈ ನೆಲ ತೊಳೆಯೋಳು ನಾನು" ಅಂದರು ಅಜ್ಜಿ.

"ಕರೆಂಟ್ ಕೆಲಸ ಅಜ್ಜಿ. ಬರಿಗಾಲಲ್ಲಿ ಮಾಡೋಕಾಗಲ್ಲ."

ಅವರು ಬೆರಳಿನ ಹಿಂಭಾಗದಿಂದ ಮುಚ್ಚಳವನ್ನು ಮುಟ್ಟಿದರು. ಪೈಪನ್ನು ಮುಟ್ಟಿದರು. ಆಮೇಲೆ ಚೀಲದಿಂದ ಎರಡು ವೈರು ಕಟ್ಟಿದ ಬಲ್ಬೊಂದನ್ನು ತೆಗೆದು, ಒಂದು ವೈರನ್ನು ಮುಚ್ಚಳಕ್ಕೂ ಇನ್ನೊಂದನ್ನು ನೆಲಕ್ಕೂ ಹಿಡಿದರು. ಬಲ್ಬು ಹತ್ತಲಿಲ್ಲ.

"ಏನೂ ಇಲ್ಲ ಬೇಟಿ. ಸ್ವಿಚ್ ನೋಡಿ ಹೆದರ್ಕೊಂಡಿದ್ದೀಯ."

"ಹೆದ್ರಿಕೆಗೆ ಕೈ ಹಿಂಗೆ ಹಾರ್ತದಾ?" ಜಗದಾಂಬ ಕೈ ಎಗರಿಸಿ ತೋರಿಸಿದಳು. ಕುತುಬುದ್ದೀನ್ ನಕ್ಕು ಚೀಲ ಹೆಗಲಿಗೆ ಹಾಕಿಕೊಂಡರು.

ಅಂದಿನಿಂದ ಅವಳು ಸುಳ್ಳಿಯಾದಳು. ಅಮ್ಮ ಸರೋಜಮ್ಮ ಕೂಡ, "ಸಂಜೆ ದೀಪ ಹಾಕೋ ಕೆಲಸ ತಪ್ಪಿಸ್ಕೊಳ್ಳೋಕೆ ಎಷ್ಟೊಂದು ಆಟ ಇವಳದು" ಅಂದುಬಿಟ್ಟಳು. ಜಗದಾಂಬ ದಿನವೂ ಕೋಲು ಒರೆಸಿ ದೀಪ ಹಾಕಿದಳು. ಚನ್ನು ಹಿಂದಿನ ಕೋಣೆಯತ್ತ ಹೊರಟಾಗಲೆಲ್ಲ ಎತ್ತಿಕೊಂಡು ಬಂದು ಪಡಸಾಲೆಯಲ್ಲಿ ಬಿಟ್ಟಳು. ಅವನು ತಿರುಗಿ ಅತ್ತಲೇ ಹೊರಡುತ್ತಿದ್ದ.

ಭಾನುವಾರ ಬೆಳಗ್ಗೆ ಅಜ್ಜಿ ಬಲಗೈಗೆ ಎಳ್ಳೆಣ್ಣೆ ತಿಕ್ಕಿಕೊಳ್ಳುತ್ತ ಕೂತಿದ್ದರು.

"ಯಾಕಜ್ಜಿ, ಕೈಗೇನಾಯ್ತು?"

"ವಾಯು ಕಣಮ್ಮ. ಒಂದೊಂದು ದಿನ ಬೆರಳಿಂದ ಜುಮ್ ಅಂತ ಏರ್ತದೆ."

ಜಗದಾಂಬ ಅಜ್ಜಿಯ ಎದುರು ಕುಕ್ಕರಗಾಲಲ್ಲಿ ಕೂತಳು. "ಯಾವತ್ತು ಏರ್ತು?"

"ಹೋದ ಸೋಮವಾರ. ಹಿಂದಿನ ಕೋಣೆ ತೊಳ್ದು, ಗೋಡೆ ಹಿಡ್ಕೊಂಡು ಎದ್ದೆ ನೋಡು, ಆವಾಗ."

"ಗೋಡೆ ಹಿಡ್ಕೊಂಡೋ, ಪೈಪು ಹಿಡ್ಕೊಂಡೋ?"

ಎಣ್ಣೆ ತಿಕ್ಕುತ್ತಿದ್ದ ಅಜ್ಜಿಯ ಕೈ ನಿಂತಿತು. "ಪೈಪೇ ಅನ್ಸುತ್ತೆ" ಅಂದರು.

ಸೋಮವಾರ! ಅಜ್ಜಿ ಆ ಕೋಣೆಯ ಕಲ್ಲುಚಪ್ಪಡಿಯ ನೆಲವನ್ನು ತೊಳೆಯುವುದು ಸೋಮವಾರ ಮಾತ್ರ. ಜಗದಾಂಬಳಿಗೆ ಎರಡು ಸಲ ಹೊಡೆದದ್ದೂ ಸೋಮವಾರವೇ. ಅಪ್ಪ ಸ್ವಿಚ್ಚು ಹಾಕುವುದು ನಸುಕಿನಲ್ಲಿ, ನೆಲ ಒಣಗಿರುವಾಗ. ಕುತುಬುದ್ದೀನ್ ಬಂದದ್ದು ಬುಧವಾರ. ಅದೂ ಟೈರಿನ ಮೆಟ್ಟು ಹಾಕಿಕೊಂಡು.

ಅವಳು ಅಲ್ಲಿಂದಲೇ ಎದ್ದು ಓಡಿದಳು.

ಕುತುಬುದ್ದೀನರ ಅಂಗಡಿ ಕೋಟೆಯ ಹತ್ತಿರ ಇತ್ತು. ಅವರು ಒಂದು ಫ್ಯಾನನ್ನು ಬಿಚ್ಚಿ ಹರಡಿಕೊಂಡು ಕೂತಿದ್ದರು.

"ಏನಮ್ಮ, ಇವತ್ತು ಯಾವ ಸ್ವಿಚ್ ಹೊಡೀತು?"

"ಸಾಬ್ರೇ, ಕರೆಂಟ್ ಕೆಲಸ ಬರಿಗಾಲಲ್ಲಿ ಯಾಕೆ ಮಾಡೋಕಾಗಲ್ಲ?"

"ಮೈಯಿಂದ ಕರೆಂಟ್ ನೆಲಕ್ಕಿಳೀತದೆ. ಟೈರ್ ಇದ್ರೆ ಇಳಿಯಲ್ಲ."

"ನಾವು ಮನೇಲಿ ಬರಿಗಾಲಲ್ಲೇ ಇರೋದು. ನೆಲ ಒದ್ದೆ ಇದ್ದಾಗ ಮಾತ್ರ ಅದು ಹೊಡೆಯೋದು. ನಂಗೆ ಎರಡು ಸೋಮವಾರ, ಅಜ್ಜಿಗೆ ಒಂದು ಸೋಮವಾರ. ನೀವು ಬುಧವಾರ ಬಂದ್ರಿ, ಮೆಟ್ಟು ಹಾಕ್ಕೊಂಡು ನೋಡಿದ್ರಿ."

ಕುತುಬುದ್ದೀನ್ ಕೈಯಲ್ಲಿದ್ದ ಸ್ಕ್ರೂಡ್ರೈವರನ್ನು ಮೆಲ್ಲಗೆ ಕೆಳಗಿಟ್ಟರು. ಈ ಸಲ ಅವರು ನಗಲಿಲ್ಲ.

"ನಾಳೆ ಬರ್ತೀನಿ. ಅಲ್ಲೀವರೆಗೂ ಯಾರೂ ಅದನ್ನ ಮುಟ್ಟಬಾರ್ದು. ತಿಳೀತಾ?"

ಸೋಮವಾರ ಜಗದಾಂಬ ಸ್ಕೂಲಿನಿಂದ ಬಂದು ಚೀಲ ಇಳಿಸುವಷ್ಟರಲ್ಲಿ ಪಡಸಾಲೆ ಖಾಲಿಯಿತ್ತು. ಅಮ್ಮ ಬಾಗಿಲಲ್ಲಿ ಸೊಪ್ಪಿನವಳ ಜೊತೆ ಚೌಕಾಶಿಯಲ್ಲಿದ್ದಳು. ಜಗದಾಂಬ ಹಿಂದಿನ ಕೋಣೆಗೆ ಓಡಿದಳು. ತೊಳೆದ ನೆಲ ಇನ್ನೂ ಹೊಳೆಯುತ್ತಿತ್ತು. ಚನ್ನು ಆ ಒದ್ದೆಯಲ್ಲಿ ಮಂಡಿಯೂರಿ, ಪೈಪಿನತ್ತ ಕೈ ಚಾಚಿದ್ದ. ಬೆರಳಿಗೂ ಪೈಪಿಗೂ ಒಂದು ಗೇಣು.

ಅವಳು ಅವನ ನಡುವಿಗೆ ಕೈ ಹಾಕಿ ಹಿಂದಕ್ಕೆಳೆದಳು. ಚನ್ನು ಕಿಟಾರನೆ ಕಿರುಚಿದ. ಅಮ್ಮ, ಅಜ್ಜಿ ಇಬ್ಬರೂ ಓಡಿ ಬಂದರು. ಹಿತ್ತಿಲ ಬಾಗಿಲಲ್ಲಿ ಕುತುಬುದ್ದೀನ್ ನಿಂತಿದ್ದರು. ಅವರು ಎಲ್ಲವನ್ನೂ ನೋಡಿದ್ದರು.

ಅವರು ಮೊದಲು ಪಡಸಾಲೆಗೆ ಹೋಗಿ ಮೇನ್ ಸ್ವಿಚ್ ಆಫ್ ಮಾಡಿದರು. ಪಿಂಗಾಣಿಯ ಫ್ಯೂಸನ್ನು ಕಿತ್ತು ಜೇಬಿಗೆ ಹಾಕಿಕೊಂಡರು. ಆಮೇಲೆ ಹಿತ್ತಾಳೆಯ ಮುಚ್ಚಳವನ್ನು ತಿರುಗಿಸಿ ತೆಗೆದರು.

ಒಳಗೆ ವೈರಿನ ರಬ್ಬರು ಬಿರುಕು ಬಿಟ್ಟಿತ್ತು. ಗೋಡೆಯ ತೇವಕ್ಕೆ ತಾಮ್ರ ಹಸಿರುಗಟ್ಟಿತ್ತು. ಮುಚ್ಚಳದ ಒಳಭಾಗದಲ್ಲೂ ಅದೇ ಹಸಿರು.

"ಯಾ ಅಲ್ಲಾ" ಅಂದರು ಕುತುಬುದ್ದೀನ್. "ನಿನ್ನ ಮಾತು ನಿಜ ಬೇಟಿ. ಸೋರ್ತಾ ಇತ್ತು."

"ಮತ್ತೆ ಫ್ಯೂಸ್ ಯಾಕೆ ಹೋಗ್ಲಿಲ್ಲ ಸಾಬ್ರೇ?" ಅಮ್ಮ ಚನ್ನುವನ್ನು ಅವುಚಿಕೊಂಡು ಕೇಳಿದಳು.

"ಈ ಫ್ಯೂಸು ಐದು ಆಂಪಿಯರ್‌ದು ತಾಯಿ. ಅದಕ್ಕಿಂತ ಜಾಸ್ತಿ ಹರಿದ್ರೆ ಸುಟ್ಟೋಗ್ತದೆ. ಅದು ಕಾಯೋದು ವೈರನ್ನ. ಮನುಷ್ಯನ ಜೀವ ತೆಗೆಯೋಕೆ ಅದರಲ್ಲಿ ನೂರನೇ ಒಂದು ಪಾಲು ಸಾಕು. ಅಷ್ಟು ಸಣ್ಣದು ಫ್ಯೂಸಿಗೂ ಕಾಣಲ್ಲ, ನನ್ನ ಬಲ್ಬಿಗೂ ಕಾಣಲ್ಲ. ಅಷ್ಟೇ ಸೋರಿದ್ರೂ ತಾನಾಗೇ ಆಫ್ ಆಗೋ ಸ್ವಿಚ್ಚನ್ನ ಪರದೇಶದಲ್ಲಿ ಮಾಡ್ತಾರಂತೆ, ನಮ್ಮ ಸೂಪರ್‌ವೈಸರ್ ಹೇಳ್ತಿದ್ರು. ನಾನಂತೂ ಕಂಡಿಲ್ಲ."

ಅವರು ಹುಬ್ಬು ಗಂಟಿಕ್ಕಿದರು. "ಆದ್ರೂ ನಿಮ್ಮನೇಲಿ ಹೊಡೀಬಾರ್ದಿತ್ತು. ಅದಕ್ಕೇ ಅಂತ ಅರ್ತಿಂಗ್ ಮಾಡಿದ್ದೆ. ಪೈಪಿಗೆ ಒಂದು ತಂತಿ ಕಟ್ಟಿ ಮಣ್ಣಿಗಿಳಿಸಿದ್ದೆ. ಸೋರಿದ್ದೆಲ್ಲಾ ಅದರಲ್ಲೇ ಇಳಿದೋಗ್ಬೇಕು."

ಎಲ್ಲರೂ ಅವರ ಹಿಂದೆ ಹಿತ್ತಿಲಿಗೆ ಹೋದರು. ಅಲ್ಲಿ ಅರ್ಧ ಹೂತ ಕಬ್ಬಿಣದ ಕೊಳವೆಯೊಂದಿತ್ತು. ಅದರ ಕೊರಳಿಗೆ ಹಾಕಿದ ಪಟ್ಟಿ ಖಾಲಿಯಿತ್ತು. ಗೋಡೆಯಲ್ಲಿ ಬೆರಳುದ್ದದ ಮುರಿದ ತಂತಿಯ ಮೊನೆ ಮಾತ್ರ ಉಳಿದಿತ್ತು.

"ತಂತಿ ಎಲ್ಲಿ?" ಅಂದರು ಕುತುಬುದ್ದೀನ್.

ನುಗ್ಗೆಮರದಿಂದ ಬಚ್ಚಲ ಗೂಟದವರೆಗೆ ಒಂದು ತಂತಿ ಎಳೆದಿತ್ತು. ಅದರ ಮೇಲೆ ಚನ್ನುವಿನ ಬಟ್ಟೆಗಳು ಸಾಲಾಗಿ ಒಣಗುತ್ತಿದ್ದವು.

ಜಗದಾಂಬಳಿಗೆ ನೆನಪಾಯಿತು. ಚನ್ನು ಹುಟ್ಟಿದ ವಾರ. ಬಟ್ಟೆ ಒಣಹಾಕಲು ಹಗ್ಗ ಸಾಲದೆ ಅಜ್ಜಿ ಗೊಣಗುತ್ತಿದ್ದರು. ಆ ತಂತಿಯನ್ನು ಮೊದಲು ಕಂಡವಳು ಅವಳೇ. ಯಾವ ಬಲ್ಬಿಗೂ ಹೋಗದೆ ಸುಮ್ಮನೆ ಮಣ್ಣಿಗೆ ಹೋಗುವ ತಂತಿ. ಹಿಂದಕ್ಕೂ ಮುಂದಕ್ಕೂ ಬಗ್ಗಿಸಿ ಬಗ್ಗಿಸಿ ಮುರಿದಿದ್ದಳು. ಮುರಿದ ಮೇಲೂ ಮನೆಯ ದೀಪಗಳೆಲ್ಲ ಎಂದಿನಂತೆ ಹತ್ತಿದ್ದವು.

"ಯಾರಾದ್ರೂ ಗುಜರಿಯವರು..." ಕುತುಬುದ್ದೀನ್ ಬೀದಿಯತ್ತ ನೋಡಿದರು.

"ಗುಜರಿಯವರಲ್ಲ" ಅಂದಳು ಜಗದಾಂಬ. "ನಾನೇ ಮುರಿದೆ. ಅದೇ ಅಲ್ಲೈತೆ."

"ನಾನೇ ತಗೊಳ್ಳಮ್ಮ ಅಂದೆ" ಅಂದರು ಅಜ್ಜಿ, ಅವಳ ಪಕ್ಕಕ್ಕೆ ಬಂದು ನಿಂತು. "ಮಗೀನ ಬಟ್ಟೆಗೆ ಅಂತ. ಅದಕ್ಕೆ ಕೆಲಸ ಐತೆ ಅಂತ ನಮಗೇನು ಗೊತ್ತು?"

ಕುತುಬುದ್ದೀನ್ ತಲೆ ಕೆರೆದುಕೊಂಡರು. "ಮೆಟ್ಟು ಬಿಡದೆ ನೋಡಿ ಏನೂ ಇಲ್ಲ ಅಂದವನು ನಾನು. ಬಟ್ಟೆ ತೆಗೀರಿ ಅಜ್ಜಿ."

ಕತ್ತಲಾಗುವಷ್ಟರಲ್ಲಿ ಕೆಲಸ ಮುಗಿಯಿತು. ಹೊಸ ವೈರು, ಹೊಸ ಸ್ವಿಚ್ಚು. ಅದೇ ಹಳೆಯ ತಂತಿ ಮತ್ತೆ ಪೈಪಿನಿಂದ ಮಣ್ಣಿನ ಕೊಳವೆಗೆ. ಜಗದಾಂಬ ಅದರ ಒಂದು ತುದಿಯನ್ನು ಬಿಗಿಯಾಗಿ ಹಿಡಿದುಕೊಂಡಿದ್ದಳು. ಕುತುಬುದ್ದೀನ್ ಪಟ್ಟಿಯ ಬೋಲ್ಟು ತಿರುಗಿಸಿದರು.

"ಕೊಳವೆ ಹೂತ ಗುಂಡಿಯಲ್ಲಿ ತೇವ ಹಿಡಿದಿಡೋಕೆ ಇದ್ದಲು, ಉಪ್ಪು ಹಾಕಿದ್ದೀನಿ. ಮಣ್ಣು ಒಣಗಿದ್ರೆ ಕರೆಂಟ್ ಇಳಿಯಲ್ಲ. ನಮ್ಮ ಸೀಮೆ ಮಣ್ಣು ಗೊತ್ತಲ್ಲ, ಬೇಗ ಒಣಗ್ತದೆ. ನೀರು ಹಾಕ್ತಿರಬೇಕು" ಅಂದರು.

"ನಾನು ಹಾಕ್ತೀನಿ."

ಅಂದಿನಿಂದ ದಿನವೂ ಸಂಜೆ ಒಂದು ಕೊಡ ನೀರು.

"ಗಿಡ ಅಲ್ಲ, ಮರ ಅಲ್ಲ. ಕಬ್ಬಿಣಕ್ಕೆ ನೀರು ಹುಯ್ತಾಳೆ ನಮ್ಮುಡುಗಿ" ಎಂದು ಅಜ್ಜಿ ಸೊಪ್ಪಿನವಳಿಗೆ ಹೇಳಿ ನಕ್ಕರು. ಆದರೆ ಮರುದಿನ ಯಾರೂ ನೋಡದಾಗ, ಒಂದು ಹಿಡಿ ಕಲ್ಲುಪ್ಪು ತಂದು ಗುಂಡಿಗೆ ಹಾಕಿದ್ದನ್ನು ಜಗದಾಂಬ ಕಂಡಳು.

ಮುಂದಿನ ಸೋಮವಾರ. ನೆಲ ತೊಳೆದಾಗಿತ್ತು. ಜಗದಾಂಬ ಕೋಲು ಹಿಡಿದು ದೀಪ ಹಾಕಲು ಬಂದಾಗ, ಚನ್ನು ಅವಳಿಗಿಂತ ಮೊದಲೇ ಗೋಡೆಯ ಬುಡದಲ್ಲಿದ್ದ. ಎರಡೂ ಕೈಯಲ್ಲಿ ಪೈಪು ಹಿಡಿದು, ಉಸಿರು ಬಿಗಿಹಿಡಿದು, ತೂರಾಡುತ್ತ ಎದ್ದು ನಿಂತ.

"ಅಯ್ಯೋ, ಮಗ!" ಅಜ್ಜಿ ಒಲೆಯ ಹತ್ತಿರದಿಂದ ಎದ್ದರು.

ಜಗದಾಂಬಳ ಕಾಲು ಮುಂದೆ ಹೋಗಿ, ನಿಂತಿತು. ಅವಳು ತೆರೆದ ಬಾಗಿಲಿನಿಂದ ಹಿತ್ತಿಲಿನತ್ತ ನೋಡಿದಳು. ತಂತಿ ಗೋಡೆಯಿಂದ ಕೊಳವೆಗೆ ನೆಟ್ಟಗೆ ಹೋಗಿತ್ತು. ಕೊಳವೆಯ ಸುತ್ತ ಮಣ್ಣು ಒದ್ದೆಯಾಗಿ ಕಪ್ಪಗಿತ್ತು.

ಚನ್ನು ಅಕ್ಕನನ್ನು ನೋಡಿ, ಎರಡು ಹಲ್ಲು ತೋರಿಸಿ ನಕ್ಕ.

ಅವಳು ಹಿಟ್ಟಿನ ಕೋಲನ್ನು ಅಜ್ಜಿಯ ಕೈಗೆ ಕೊಟ್ಟಳು. ಸ್ವಿಚ್ಚನ್ನು ಬೆರಳಿನಿಂದ ಒತ್ತಿದಳು. ಬೆಳಕಿಗೆ ಕೈ ಮುಗಿದು, ಕೊಡ ಎತ್ತಿಕೊಂಡು ಹಿತ್ತಿಲಿಗೆ ಹೋದಳು.