ಎರಡನೇ ರಾತ್ರಿಯ ಫಲಕ

ಬೆಳಿಗ್ಗೆ ಒಂಬತ್ತೂಕಾಲಿಗೆ ಅಕ್ಕ ಏಳನೇ ಬೀರುವಿನಿಂದ ಒಂದು ಲಕೋಟೆ ಎತ್ತಿದರು. ಲಕೋಟೆ ಹಗುರವಾಗಿತ್ತು. ನಲವತ್ತು ವರ್ಷ ಖಗೋಳ ವೀಕ್ಷಣಾಲಯದ ಗಾಜಿನ ಫಲಕಗಳನ್ನು ಎತ್ತಿ ಇಳಿಸಿದ ಕೈ ಅದು; ಅಲ್ಲಿ ಎಲ್ಲರಿಗೂ ಆಕೆ ಅಕ್ಕ. ಒಳಗೆ ಇಣುಕಿ ನೋಡುವ ಅಗತ್ಯವೇ ಬೀಳಲಿಲ್ಲ.

ಅಕ್ಕ ಕಿರುಚಲಿಲ್ಲ. ಪೊಲೀಸರಿಗೆ ಫೋನ್ ಮಾಡಿ, ಬಾಗಿಲಿಗೆ ಅಡ್ಡ ಕುರ್ಚಿ ಹಾಕಿಕೊಂಡು ಕೂತರು.

ಹತ್ತಕ್ಕೆ ಇನ್ಸ್‌ಪೆಕ್ಟರ್ ಬಂದಳು. ಗಿಡ್ಡ ಹೆಂಗಸು, ದೊಡ್ಡ ಹೆಜ್ಜೆ. ಠಾಣೆಯವರು ಬೆನ್ನ ಹಿಂದೆ ಅವಳನ್ನು ಜಿಗಣೆ ಎನ್ನುತ್ತಿದ್ದರು. ಹಿಡಿದರೆ ಬಿಡುವ ಪೈಕಿ ಅಲ್ಲ.

“ಏನು ಹೋಗಿದೆ?”

“ಒಂದು ಗಾಜು. ಮೂವತ್ತೆರಡು ವರ್ಷದ ಹಿಂದಿನ ಆಕಾಶದ ಫೋಟೋ.”

“ಎಷ್ಟು ಬೆಲೆ ಬಾಳುತ್ತೆ?”

“ಗುಜರಿಯವನೂ ಮುಟ್ಟಲ್ಲ. ಆದರೆ ಇವತ್ತು ಸಂಜೆ ಐದರೊಳಗೆ ಅದು ಸಿಗದಿದ್ದರೆ ನನ್ನ ತಂಗಿಗೆ ಹೆಸರಿಲ್ಲ.”

ಇನ್ಸ್‌ಪೆಕ್ಟರ್ ಟೋಪಿ ತೆಗೆದಿಟ್ಟು ಕೂತಳು. ಅಕ್ಕ ಹೇಳಿದರು.

ಸೂರ್ಯನ ಸುತ್ತ ಲಕ್ಷಾಂತರ ಬಂಡೆಗಳು ತಿರುಗುತ್ತಿವೆ. ಕಿರುಗ್ರಹಗಳು. ಮೂವತ್ತೆರಡು ವರ್ಷದ ಹಿಂದೆ, ಒಂದು ರಾತ್ರಿಯ ಫಲಕದಲ್ಲಿ ಪಟ್ಟಿಯಲ್ಲಿಲ್ಲದ ಒಂದು ಚುಕ್ಕೆ ಅಕ್ಕನ ಕಣ್ಣಿಗೆ ಬಿತ್ತು. ಅದಕ್ಕೆ ಕೆಂಪು ಶಾಯಿಯಲ್ಲಿ ಸುತ್ತು ಹಾಕಿದರು. ಮರುರಾತ್ರಿಯ ಫಲಕದಲ್ಲಿ ಚುಕ್ಕೆ ಸರಿದಿತ್ತು. ನಕ್ಷತ್ರ ಹಾಗೆ ಸರಿಯುವುದಿಲ್ಲ. ಪಕ್ಕದ ಮೇಜಿನಲ್ಲಿ ಕೂರುತ್ತಿದ್ದ ತಂಗಿ ಅದರ ದಾರಿಯನ್ನು ಕೈಲೆಕ್ಕದಲ್ಲೇ ಕಂಡುಹಿಡಿದಳು. ಮನೆಯಲ್ಲಿ ಅವಳನ್ನು ಕರೆಯುತ್ತಿದ್ದದ್ದು ಗುಬ್ಬಚ್ಚಿ ಎಂದು.

“ಕಿರುಗ್ರಹಗಳ ಪಟ್ಟಿ ಇಡೋ ಕಚೇರಿಯವರು ತಾತ್ಕಾಲಿಕ ಗುರುತು ಕೊಟ್ಟರು. ವರ್ಷ, ಎರಡು ಅಕ್ಷರ, ಒಂದು ಅಂಕಿ. ಆಸ್ಪತ್ರೆಯಲ್ಲಿ ಹಸುಗೂಸಿನ ಕೈಗೆ ಚೀಟಿ ಕಟ್ತಾರಲ್ಲ, ಹಾಗೆ. ಆಮೇಲೆ ತಿಂಗಳುಗಟ್ಟಲೆ ಮೋಡ. ನಮ್ಮ ಕೂಸು ಕಳೆದೇಹೋಯಿತು.”

“ಈಗ ಸಿಕ್ಕಿದೆ?”

“ದೊಡ್ಡ ದೂರದರ್ಶಕಗಳಿಗೆ ಸಿಕ್ಕಿತು. ದಾರಿ ಖಾತ್ರಿಯಾಗಿ ಹೋದ ತಿಂಗಳು ಕಾಯಂ ಸಂಖ್ಯೆ ಬಂತು. ಸಂಖ್ಯೆ ಬಂದ ಮೇಲೇನೇ ಹೆಸರು. ಹೆಸರು ಸೂಚಿಸೋ ಹಕ್ಕು ಕಂಡುಹಿಡಿದವರದ್ದು. ನಿಮ್ಮ ಹಳೇ ಅಳತೆ ಸರಿಹೊಂದುತ್ತಿಲ್ಲ, ಮೂಲ ಫಲಕ ನೋಡಿ ಮತ್ತೆ ಅಳೆದು ಕಳಿಸಿ ಅಂತ ಕಚೇರಿಯಿಂದ ಪತ್ರ ಬಂದಿದೆ. ಇವತ್ತೇ ಕಡೇ ದಿನ.” ಅಕ್ಕ ಪಕ್ಕದ ಖಾಲಿ ಮೇಜಿನತ್ತ ಕೈ ತೋರಿದರು. “ಗುಬ್ಬಚ್ಚಿ ಹಾಕಿದ ಲೆಕ್ಕದ ಕೆಳಗೆಲ್ಲ ಯಾರ್ಯಾರದೋ ಸಹಿ. ಅವಳು ತೀರಿಹೋಗಿ ಆರು ವರ್ಷ ಆಯ್ತು. ಎಲ್ಲೂ ಅವಳ ಹೆಸರಿಲ್ಲ. ಈ ಬಂಡೆಗಾದರೂ ಅವಳ ಹೆಸರಿಡಬೇಕು.”

ಇನ್ಸ್‌ಪೆಕ್ಟರ್ ಬೀರು ನೋಡಿದಳು. ಕೆಂಪು ಸುತ್ತಿನ ಫಲಕ ಜಾಗದಲ್ಲೇ ಇತ್ತು. ಹೋಗಿದ್ದು ಅದರ ಪಕ್ಕದ್ದು, ಎರಡನೇ ರಾತ್ರಿಯದ್ದು. ಕಳ್ಳ ಅವಸರದಲ್ಲಿ ತಪ್ಪು ಗಾಜು ಎತ್ತಿದ್ದಾನೆ ಎಂದುಕೊಂಡಳು. ಅಂದರೆ ಹೊರಗಿನವನು.

“ಯಾವ ಗಾಜು ಅಂತ ಯಾರಿಗೂ ಬಾಯಿಬಿಡಬೇಡಿ. ಒಂದು ಹೋಗಿದೆ, ಅಷ್ಟೇ. ಕೀಲಿ ಎಲ್ಲಿರುತ್ತೆ?”

“ಆಫೀಸಿನ ಮೊಳೆಯಲ್ಲಿ. ನಿನ್ನೆ ಆರಕ್ಕೆ ನಾನು ಬೀಗ ಹಾಕುವಾಗ ಎರಡೂ ಫಲಕ ಇದ್ದವು. ಮೇಡಂ, ಇನ್ನೊಂದು ಮಾತು—”

“ಆಮೇಲೆ,” ಎಂದು ಜಿಗಣೆ ಮೆಟ್ಟಿಲಿಳಿದಾಗಿತ್ತು. ಆ ಆತುರಕ್ಕೆ ಎರಡು ಗಂಟೆ ದಂಡ ತೆತ್ತಳು.

* * *

ಗೇಟಿನ ಕಾವಲುಗಾರ ಹೇಳಿದ ಪ್ರಕಾರ, ಹಿಂದಿನ ಸಂಜೆ ವೀಕ್ಷಣಾಲಯದಲ್ಲಿ ಜಗಳವಾಡಿ ಹೋದವನು ಸಿಮೆಂಟ್ ಕಾರ್ಖಾನೆಯ ಮಾಲೀಕ. ಗುಮ್ಮಟದ ದುರಸ್ತಿ ಮಾಡಿಸಿಕೊಟ್ಟವನೂ ಅವನೇ. ಇನ್ಸ್‌ಪೆಕ್ಟರ್ ಅವನ ಕಾರ್ಖಾನೆಗೇ ಹೋದಳು.

“ಹೌದ್ರೀ, ಕೂಗಾಡಿದೆ. ಕಿರುಗ್ರಹಕ್ಕೆ ನಮ್ಮ ಕಾರ್ಖಾನೆ ಹೆಸರಿಡಿ ಅಂದೆ. ವ್ಯಾಪಾರದ ಹೆಸರು ನಡೆಯಲ್ಲವಂತೆ. ಇರೋದು ಬಂಡೆ. ಬಂಡೆಗೆ ಸಿಮೆಂಟ್ ಹೆಸರಿಟ್ಟರೆ ಯಾರಪ್ಪನ ಗಂಟು ಹೋಗುತ್ತೆ?”

“ಒಂದು ಫಲಕ ಕಳವಾಗಿದೆ.”

ಅವನ ಮುಖ ಸಪ್ಪಗಾಯಿತು. “ಆ ಕೆಂಪು ಸುತ್ತಿನದ್ದಾ? ಅಯ್ಯೋ ಪಾಪ! ಆ ಅಕ್ಕ ಅದನ್ನ ಮಗು ಎತ್ತಿಕೊಂಡ ಹಾಗೆ ಎತ್ತಿ ತೋರಿಸಿದ್ರು.”

ಅವನು ಐದೂವರೆಗೆ ಕಾರ್ಖಾನೆಗೆ ಮರಳಿದ್ದಕ್ಕೆ ಹನ್ನೆರಡು ಜನ ಸಾಕ್ಷಿಯಿದ್ದರು. ಅದಕ್ಕಿಂತ ಹೆಚ್ಚಾಗಿ, ಅವನಿಗೆ ಗೊತ್ತಿದ್ದದ್ದು ಒಂದೇ ಫಲಕ. ಅದು ಕಳವಾಗಿಯೇ ಇರಲಿಲ್ಲ.

* * *

ಮಧ್ಯಾಹ್ನ ಒಂದಕ್ಕೆ ಇನ್ಸ್‌ಪೆಕ್ಟರ್ ವೀಕ್ಷಣಾಲಯದ ನಿರ್ದೇಶಕರ ಎದುರು ಕೂತಿದ್ದಳು. ತೆಳ್ಳನೆ ಮನುಷ್ಯ. ನಿವೃತ್ತಿಗೆ ನಾಲ್ಕು ತಿಂಗಳು.

“ಫಲಕದ ಕೋಣೆಯಿಂದ ಒಂದು ಗಾಜು ಹೋಗಿದೆ ಸಾರ್.”

“ಪಾಪ ಅಕ್ಕ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಕೆಂಪು ಸುತ್ತಿನ ಗಾಜು ಒಂದೇ ಉಳಿದು ಏನು ಪ್ರಯೋಜನ? ಒಂದು ರಾತ್ರಿ ಕಂಡರೆ ಕಂಡುಹಿಡಿದ ಹಾಗಲ್ಲ. ಎರಡನೇ ರಾತ್ರಿಯೂ ಕಾಣಬೇಕು. ನಿಯಮ.”

“ಹಾಗಾದರೆ ಹಕ್ಕು ಯಾರಿಗೆ ಹೋಗುತ್ತೆ?”

“ಆಮೇಲೆ ಯಾರು ಮೊದಲು ಎರಡು ರಾತ್ರಿ ನೋಡಿದರೋ ಅವರಿಗೆ.”

“ಅಂದರೆ?”

ನಿರ್ದೇಶಕರು ಕನ್ನಡಕ ಒರೆಸಿದರು. “ಹನ್ನೊಂದು ವರ್ಷದ ಹಿಂದೆ ನಾನೇ ನೋಡಿದ್ದೆ. ಆಗ ಬೇರೆ ಗುರುತು ಕೊಟ್ಟಿದ್ದರು. ಒಂದೇ ಬಂಡೆಗೆ ಎರಡು ಚೀಟಿ. ಎರಡೂ ಒಂದೇ ಅಂತ ಗೊತ್ತಾಗಿದ್ದು ಈಗ.”

ಇನ್ಸ್‌ಪೆಕ್ಟರ್ ಟೋಪಿ ಎತ್ತಿಕೊಂಡು ಎದ್ದಳು. ಕುಂಬಳಕಾಯಿ ಕಳ್ಳ ಎಂದು ಯಾರೂ ಕೂಗುವ ಮೊದಲೇ ಈ ಮನುಷ್ಯ ಹೆಗಲು ಮುಟ್ಟಿಕೊಂಡಿದ್ದ.

* * *

“ಬೆಳಿಗ್ಗೆ ನಿಮ್ಮ ಮಾತು ಕೇಳಬೇಕಿತ್ತು, ತಪ್ಪಾಯಿತು,” ಎಂದಳು ಅಕ್ಕನಿಗೆ.

“ಅದನ್ನೇ ಹೇಳೋಕೆ ಹೊರಟಿದ್ದೆ. ಕಚೇರಿಯವರಿಗೆ ಹೊಂದದೆ ಇರೋದು ಎರಡನೇ ರಾತ್ರಿಯ ಅಂಕಿ ಮಾತ್ರ. ಪತ್ರ ಓದಿದವರು ನಾನು, ನಿರ್ದೇಶಕರು, ಇಬ್ಬರೇ.”

“ಅವರು ಅದನ್ನ ಒಡೆದು ಎಸೆದುಬಿಟ್ಟಿದ್ದರೆ?”

ಅಕ್ಕನಿಗೆ ಸಿಟ್ಟು ಬಂತು, ಅದೂ ಕಳ್ಳನ ಪರವಾಗಿ. “ಫಲಕ ಒಡೆಯೋದಾ? ಆ ರಾತ್ರಿಯ ಆಕಾಶ ಮತ್ತೆ ಬರುತ್ತಾ? ಒಂದು ಸಲ ಅವರ ಕೈಜಾರಿ ಒಂದು ಫಲಕ ಹೋಯ್ತು. ಎರಡು ದಿನ ಊಟ ಬಿಟ್ಟಿದ್ದರು. ಕದಿಯಬಹುದು ಮೇಡಂ, ಒಡೆಯಲಾರರು.”

“ಹೊರಗೆ ಸಾಗಿಸಿದ್ದರೆ?”

“ಗೇಟಿನಲ್ಲಿ ಎಲ್ಲರ ಚೀಲ ತೆಗೆಸಿ ನೋಡ್ತಾರೆ. ಆ ನಿಯಮ ಮಾಡಿದವರೇ ಅವರು.”

ಹಾಗಿದ್ದರೆ ಫಲಕ ಇಲ್ಲೇ ಇದೆ; ಗಾಜು ಬಚ್ಚಿಡಲು ಗಾಜುಗಳ ನಡುವಿಗಿಂತ ಒಳ್ಳೆಯ ಜಾಗವಿಲ್ಲ. ಇನ್ಸ್‌ಪೆಕ್ಟರ್ ಬೀರುಗಳ ಸಾಲು ನೋಡಿದಳು. ಮೂವತ್ತು ಸಾವಿರ ಫಲಕ. ಗಂಟೆ ಎರಡಾಗಿತ್ತು. ಒಂದೊಂದೇ ನೋಡುತ್ತ ಹೋದರೆ ತನಗೂ ನಿವೃತ್ತಿಯಾದೀತು.

“ಒಂದು ಲಕೋಟೆಯಲ್ಲಿ ಎರಡು ಗಾಜು ಇಡ್ತೀರಾ?”

“ಛೇ, ಗೀರು ಬೀಳುತ್ತೆ.”

“ಅವರೂ ಇಡಲ್ಲ ಅಲ್ವಾ? ಹಾಗಾದರೆ ಅವರಿಗೆ ಒಂದು ಖಾಲಿ ಲಕೋಟೆ ಬೇಕಿತ್ತು. ಇಲ್ಲಿ ಖಾಲಿ ಲಕೋಟೆ ಇದೆಯಾ?”

ಅಕ್ಕ ಒಂದು ಕ್ಷಣ ಕಣ್ಣು ಪಿಳುಕಿಸಿದರು. ಆಮೇಲೆ ದಡಬಡ ಎದ್ದರು.

“ಒಡೆದ ಫಲಕಗಳದ್ದು! ಗಾಜು ಹೋದರೂ ಪಟ್ಟಿಯಲ್ಲಿ ಅದರ ಸಂಖ್ಯೆ ಅಳಿಸೋ ಹಾಗಿಲ್ಲ. ಖಾಲಿ ಲಕೋಟೆಗೆ ಕಪ್ಪು ಗೆರೆ ಎಳೆದು ಅದರ ಜಾಗದಲ್ಲೇ ಇಡ್ತೀವಿ. ಅದನ್ನ ಯಾರೂ ಯಾವತ್ತೂ ತೆಗೆಯಲ್ಲ.”

“ಎಷ್ಟಿವೆ?”

“ಹತ್ತೊಂಬತ್ತು.”

ಅಕ್ಕ ಏಣಿ ಹತ್ತಿದರು. ಒಂದು ಎತ್ತಿದರು, ಹಗುರ. ಎರಡು, ಹಗುರ. ಇನ್ಸ್‌ಪೆಕ್ಟರ್ ಏಣಿ ಹಿಡಿದು ಎಣಿಸುತ್ತಿದ್ದಳು. ಹನ್ನೆರಡನೆಯದಕ್ಕೆ ಅಕ್ಕನ ಕೈ ನಿಂತಿತು.

“ಇದು ಭಾರ ಇದೆ,” ಎಂದರು, ಮತ್ತು ಏಣಿಯ ಮೇಲೆಯೇ ಅತ್ತುಬಿಟ್ಟರು.

* * *

ನಿರ್ದೇಶಕರ ಮೇಜಿನ ಮೇಲೆ ಕಪ್ಪು ಗೆರೆಯ ಲಕೋಟೆ ಬಿತ್ತು. ಅದರ ಧೂಳಿನಲ್ಲಿ ಅಕ್ಕನ ಬೆರಳಿಗಿಂತ ಉದ್ದನೆಯ ನಾಲ್ಕು ಬೆರಳಿನ ಗುರುತು ಎದ್ದು ಕಾಣುತ್ತಿತ್ತು.

“ಹೊರಗಿನವನಾಗಿದ್ದರೆ ಕೆಂಪು ಸುತ್ತಿನದನ್ನೇ ಕದೀತಿದ್ದ,” ಎಂದಳು ಇನ್ಸ್‌ಪೆಕ್ಟರ್. “ಅದು ಉಳಿದಿದೆ ಅಂತ ನಾನು ನಿಮಗೆ ಹೇಳಿರಲಿಲ್ಲ. ನೀವೇ ಹೇಳಿದಿರಿ. ಬೇರೆ ಕಳ್ಳನಾಗಿದ್ದರೆ ಗಾಜು ಒಡೆದು ಕೈ ತೊಳೆದುಕೊಳ್ತಿದ್ದ. ನಿಮಗೆ ಮನಸ್ಸು ಬರಲಿಲ್ಲ. ಒಡೆದಿದ್ದರೆ ನಾನು ನಿಮ್ಮನ್ನ ಹಿಡಿಯೋಕೆ ಆಗ್ತಿರಲಿಲ್ಲ ಸಾರ್. ಇದು ಯಾರ ಬೆರಳು ಅಂತ ಠಾಣೆಯಲ್ಲಿ ನೋಡೋಣವೋ, ನೀವೇ ಹೇಳ್ತೀರೋ?”

ನಿರ್ದೇಶಕರು ತಲೆ ಎತ್ತಲಿಲ್ಲ. “ನಂದೇ. ಮೂವತ್ತು ವರ್ಷ ದುಡಿದೆ. ಪಟ್ಟಿಯಲ್ಲಿ ಒಂದು ಸಾಲು ನನ್ನದಾಗಿರಲಿ ಅಂತ ಆಸೆ ಬಿದ್ದೆ.”

“ಗುಬ್ಬಚ್ಚಿಯೂ ದುಡಿದಳು,” ಎಂದರು ಬಾಗಿಲಲ್ಲಿ ನಿಂತಿದ್ದ ಅಕ್ಕ. “ಅವಳ ಆಸೆಯನ್ನ ಯಾರೂ ಕೇಳಲೇ ಇಲ್ಲ. ಮೇಡಂ, ಇವರನ್ನ ಆಮೇಲೆ ಕರೆದುಕೊಂಡು ಹೋಗಿ. ಅಳತೆಗೆ ಇಬ್ಬರು ಬೇಕು. ಒಬ್ಬರು ನೋಡಿ ಹೇಳಬೇಕು, ಒಬ್ಬರು ಬರೆಯಬೇಕು.”

ಕಾವಲುಗಾರ ನಿರ್ದೇಶಕರ ಪಕ್ಕ ಕೂತ. ಇನ್ಸ್‌ಪೆಕ್ಟರ್ ಗುಬ್ಬಚ್ಚಿಯ ಹಳೇ ಮೇಜಿನ ಮುಂದೆ ಕೂತು ಅಕ್ಕ ಹೇಳಿದ ಅಂಕಿಗಳನ್ನು ಬರೆದಳು. ಹಳೆಯ ವರದಿಯಲ್ಲಿ ಎರಡು ಅಂಕಿ ಅದಲುಬದಲಾಗಿದ್ದವು, ಅಷ್ಟೇ. ಐದಕ್ಕೆ ಎಂಟು ನಿಮಿಷ ಇರುವಾಗ ವರದಿ ಹೋಯಿತು.

* * *

ಅಕ್ಕ ಕಿರುಗ್ರಹಕ್ಕೆ ಗುಬ್ಬಚ್ಚಿ ಎಂಬ ಹೆಸರು ಸೂಚಿಸಿದರು. ಹೆಸರಿನ ಸಮಿತಿಯಿಂದ ಒಂದು ಪ್ರಶ್ನೆ ಬಂತು. ಸಾಕುಪ್ರಾಣಿಗಳ ಹೆಸರಿಗೆ ನಾವು ಒಪ್ಪುವುದಿಲ್ಲ, ಗುಬ್ಬಚ್ಚಿ ಎಂದರೆ ನೀವು ಸಾಕಿದ ಹಕ್ಕಿಯೇ?

ಅಕ್ಕ ಒಂದೇ ಸಾಲು ಬರೆದು ಕಳಿಸಿದರು: ಹಕ್ಕಿಯಲ್ಲ, ಇದರ ದಾರಿಯನ್ನು ಮೊದಲು ಲೆಕ್ಕ ಹಾಕಿದವಳು.

ಹೆಸರು ಅಚ್ಚಾಗಿ ಬಂದ ದಿನ ಇನ್ಸ್‌ಪೆಕ್ಟರ್ ಫಲಕದ ಕೋಣೆಗೆ ಬಂದಳು. ಅಕ್ಕ ಎರಡನೇ ರಾತ್ರಿಯ ಲಕೋಟೆಯನ್ನು ಮೇಜಿನ ಮೇಲಿಟ್ಟುಕೊಂಡಿದ್ದರು. ಅದರ ಮೇಲೆ ‘ಲೆಕ್ಕ ಹಾಕಿದವರು’ ಎಂಬ ಕಡೆ ಮೂವತ್ತೆರಡು ವರ್ಷದಿಂದ ಬರೀ ಗೆರೆಯಿತ್ತು. ಅಕ್ಕ ಪೆನ್ನಿನ ಮುಚ್ಚಳ ತೆಗೆದು, ಆ ಗೆರೆಯ ಮೇಲೆ ತಂಗಿಯ ಪೂರ್ತಿ ಹೆಸರು ಬರೆದರು. ಶಾಯಿ ಒಣಗುವವರೆಗೆ ಕಾದು, ಲಕೋಟೆಯನ್ನು ಅದರ ಜಾಗದಲ್ಲಿ ಇಟ್ಟರು.