ಕೋಳಿಕಾಲಿನ ಗುರುತು

ಅಮ್ಮ ಹನ್ನೆರಡನೆಯ ಕಲ್ಲಿನ ಕೊನೆಯ ಮೂಲೆಯನ್ನು ತಿದ್ದುತ್ತಿದ್ದಳು. ಉಳಿಯನ್ನು ಓರೆಯಾಗಿ ಹಿಡಿದು ಸುತ್ತಿಗೆಯಿಂದ ಮೂರು ಸಣ್ಣ ಪೆಟ್ಟು. ಉಫ್ ಎಂದು ಊದಿ ಪುಡಿ ಹಾರಿಸುವುದು. ಮೂಲೆಮಟ್ಟ ಇಟ್ಟು, ಒಂದು ಕಣ್ಣು ಮುಚ್ಚಿ ನೋಡುವುದು. ಮತ್ತೆ ಮೂರು ಪೆಟ್ಟು.

"ಸರಿಯಾಗೇ ಇದೆಯಲ್ಲಮ್ಮಾ!" ಎಂದಳು ಬಟಾಣಿ.

"ನಿನ್ನ ಕಣ್ಣಿಗೆ ಸರಿ. ಮೂಲೆಮಟ್ಟದ ಕಣ್ಣಿಗೆ ಇನ್ನೂ ಒಂದು ಕೂದಲೆಳೆ ಬಾಕಿ ಇದೆ ಕಣೇ."

ಬಟಾಣಿಯ ನಿಜವಾದ ಹೆಸರು ಶಾಲೆಯ ಹಾಜರಿ ಪುಸ್ತಕದಲ್ಲಿ ಮಾತ್ರ ಇತ್ತು. ಹುಟ್ಟಿದಾಗ ದುಂಡಗೆ, ಪುಟ್ಟದಾಗಿ ಇದ್ದಳಂತೆ. ಐದನೇ ಕ್ಲಾಸಿಗೆ ಬಂದರೂ ಆ ಹೆಸರು ಅವಳನ್ನು ಬಿಟ್ಟಿರಲಿಲ್ಲ.

ಮನೆಯ ಹಿಂದಿನ ತಗಡಿನ ಶೆಡ್ಡಿನಲ್ಲಿ ಹನ್ನೆರಡು ಕಲ್ಲುಗಳು ಸಾಲಾಗಿದ್ದವು. ಒಂದೊಂದೂ ಬಕೆಟ್ಟಿನಷ್ಟು ಎತ್ತರ. ಯಾವ ಕಡೆಯಿಂದ ನೋಡಿದರೂ ಒಂದೇ ಅಳತೆ, ದೊಡ್ಡ ದಾಳದ ಹಾಗೆ.

ಇಷ್ಟು ದಿನ ಅಮ್ಮ ಕೆತ್ತುತ್ತಿದ್ದದ್ದು ಮೆಟ್ಟಿಲು ಮತ್ತು ಹೊಸ್ತಿಲು. ಈಗ ಕೋಟೆಯ ಗೋಡೆಯ ಕೆಲಸ ಸಿಕ್ಕಿತ್ತು! ಮಳೆಗೆ ಆ ಹಳೆಯ ಗೋಡೆಯ ಒಂದು ಭಾಗ ಕುಸಿದಿತ್ತು. ರಿಪೇರಿಯ ಮೇಸ್ತ್ರಿ ಬಂದು, "ಮೊದಲು ಹನ್ನೆರಡು ಕಲ್ಲು ಕೆತ್ತಿಕೊಡಿ. ಎಲ್ಲ ಸರಿ ಇದ್ರೆ ಉಳಿದ ಗೋಡೇನೂ ನಿಮಗೇ. ಒಂದು ಕೆಟ್ರೂ ಬೇರೆಯವರನ್ನ ನೋಡ್ಕೋತೀನಿ" ಎಂದು ಹೇಳಿಹೋಗಿದ್ದ.

ಹೋದ ವಾರ ಬಟಾಣಿಯ ಕ್ಲಾಸಿನವರನ್ನೆಲ್ಲ ಸರ್ ಅದೇ ಗೋಡೆಗೆ ಕರೆದುಕೊಂಡು ಹೋಗಿದ್ದರು. ಕುಸಿದ ಜಾಗದಲ್ಲಿ ಒಳಗಿನ ಕಲ್ಲುಗಳು ಕಾಣುತ್ತಿದ್ದವು. ಒಂದೊಂದರ ಮೇಲೂ ಮೂರು ಗೆರೆಯ ಗುರುತು, ಕೋಳಿ ಕಾಲಿಟ್ಟ ಹಾಗೆ.

"ಇದರ ಅರ್ಥ ಇವತ್ತಿಗೂ ಯಾರಿಗೂ ಗೊತ್ತಿಲ್ಲ. ಏನಿರಬಹುದು ಅಂತ ಯೋಚನೆ ಮಾಡಿ ಪ್ರಾಜೆಕ್ಟ್ ಬರೀರಿ. ಇದನ್ನ ಕೆತ್ತಿದವರ ಚಿತ್ರಾನೂ ಇರಲಿ" ಎಂದಿದ್ದರು ಸರ್.

"ನಿಧಿ ಸರ್! ಅಗೆದ್ರೆ ಚಿನ್ನ ಗ್ಯಾರಂಟಿ!" ಎಂದು ಕೂಗಿದ್ದ ಪಕ್ಕದ ಬೆಂಚಿನ ರೇಡಿಯೋ. ಅವನ ಬಾಯಿಗೆ ಆಫ್ ಬಟನ್ ಇರಲಿಲ್ಲ.

ಬಟಾಣಿ ಅಮ್ಮನನ್ನು ಕೇಳಿದಾಗ ಅವಳು, "ನಾನು ಆ ಗುರುತನ್ನ ನೋಡೇ ಇಲ್ಲ. ನೋಡದೆ ಹೇಗೆ ಹೇಳಲಿ?" ಎಂದುಬಿಟ್ಟಿದ್ದಳು.

ಈಗ ಅಮ್ಮ ಮೂಲೆಮಟ್ಟ ಕೆಳಗಿಟ್ಟು, ಇದ್ದಿಲಿನ ತುಂಡಿನಿಂದ ಕಲ್ಲಿನ ಮೇಲೊಂದು ಗೆರೆ ಎಳೆದಳು. ಉಳಿದ ಹನ್ನೊಂದರ ಮೇಲೂ ಅಂಥದೇ ಗೆರೆಯಿತ್ತು. ಮಿಸ್ ನೋಟ್ಸ್ ತಿದ್ದಿ ಟಿಕ್ ಹಾಕುವಂತೆ ಇದೂ ಮುಗಿಯಿತು ಎನ್ನುವ ಟಿಕ್ ಇರಬೇಕೆಂದುಕೊಂಡಳು ಬಟಾಣಿ.

ಅಮ್ಮ ಸೊಂಟ ನೆಟ್ಟಗೆ ಮಾಡಿಕೊಂಡು ಒಲೆ ಹಚ್ಚಲು ಒಳಗೆ ಹೋದಳು.

ಬಟಾಣಿ ಕಲ್ಲುಗಳನ್ನು ನೋಡಿದಳು. ಮೈಯೆಲ್ಲ ಪುಡಿ, ಮೇಲೆ ಕರೀ ಮಸಿ. ನಾಳೆ ಕೋಟೆಯ ಹತ್ತಿರ ಎಷ್ಟು ಜನ ಇವನ್ನು ನೋಡುತ್ತಾರೋ! ಅವಳು ಬಟ್ಟೆ ಬ್ರಷ್ ತಂದಳು. ಒಂದೊಂದೇ ಕಲ್ಲನ್ನು ತಿಕ್ಕಿ ತಿಕ್ಕಿ ತೊಳೆದು, ಮೇಲೆ ಟಾರ್ಪಾಲಿನ್ ಹೊದಿಸಿದಳು. ಅಮ್ಮನಿಗೆ ಸರ್‌ಪ್ರೈಸ್ ಇರಲಿ ಎಂದು ಏನೂ ಹೇಳಲಿಲ್ಲ.

ಬೆಳಿಗ್ಗೆ ಅಮ್ಮ ಬುತ್ತಿ ಕಟ್ಟಿಕೊಂಡು ಹೊರಬರುವಷ್ಟರಲ್ಲಿ ಟೆಂಪೋದವರು ಕಲ್ಲುಗಳನ್ನು ಏರಿಸಿಯಾಗಿತ್ತು. ಶಾಲೆಗೆ ರಜೆ. ಬಟಾಣಿಯೂ ಹತ್ತಿ ಕೂತಳು.

ಗೋಡೆಯ ಹತ್ತಿರ ಮೇಸ್ತ್ರಿ ಗಾರೆ ಕಲಸಿಟ್ಟುಕೊಂಡು ಕಾಯುತ್ತಿದ್ದ. ಮೂಗಿನ ತುದಿಯಲ್ಲಿ ಕನ್ನಡಕ. ಇಳಿಸಿದ ಕಲ್ಲುಗಳ ಸುತ್ತ ಒಂದು ಸುತ್ತು ಬಂದ. ಇನ್ನೊಂದು ಸುತ್ತು ಬಂದ.

"ಏನಮ್ಮಾ ಇದು? ಗುರುತು ಎಲ್ಲಿ?"

ಅಮ್ಮ ಬಗ್ಗಿ ನೋಡಿದಳು. ಆಮೇಲೆ ಬಟಾಣಿಯ ಮುಖ ನೋಡಿದಳು. "ಹಾಕೋದು ಮರೆತೆ" ಎಂದಳು.

"ಮರೆತ್ರಾ? ಚೆನ್ನಾಗಿದೆ! ಇದು ಪದರ ಪದರದ ಕಲ್ಲು. ಪುಸ್ತಕ ಇದ್ದ ಹಾಗೆ. ಮಲಗಿಸಿ ಇಟ್ರೆ ಎಷ್ಟು ಭಾರ ಬೇಕಾದ್ರೂ ಹೊರುತ್ತೆ. ನಿಲ್ಲಿಸಿ ಇಟ್ರೆ ನೀರು ಇಳಿದು ಹಾಳೆ ಹಾಳೆಯಾಗಿ ಬಿಚ್ಕೊಳ್ಳುತ್ತೆ. ಮೇಲಿನ ಮೈ ಯಾವುದು ಅಂತ ಕೆತ್ತಿದವರು ಹೇಳದೆ ಇನ್ಯಾರು ಹೇಳ್ಬೇಕು?"

ಬಟಾಣಿಗೆ ಅಮ್ಮ ಎಳೆದ ಇದ್ದಿಲಿನ ಗೆರೆ ನೆನಪಾಯಿತು. ಅದು ಟಿಕ್ ಅಲ್ಲ! ಓಡಿಹೋಗಿ ಟೆಂಪೋ ಹಿಂದೆ ಅಡಗಿಕೊಳ್ಳೋಣ ಅನ್ನಿಸಿತು. ಆದರೆ ಅಮ್ಮ ತಲೆ ತಗ್ಗಿಸಿ ನಿಂತಿದ್ದಳು. ಅಮ್ಮ ಹಾಗೆ ನಿಂತದ್ದನ್ನು ಅವಳು ಯಾವತ್ತೂ ನೋಡಿರಲಿಲ್ಲ.

"ಮಾಮಾ, ಅಮ್ಮ ಮರೆತಿಲ್ಲ. ಇದ್ದಿಲಲ್ಲಿ ಹಾಕಿದ್ಲು. ನಾನೇ ತೊಳೆದುಬಿಟ್ಟೆ."

"ತೊಳೆದ್ಯಾ! ಯಾಕೆ, ಕಲ್ಲೇನು ಮದುವೆಗೆ ಹೊರಟಿತ್ತಾ?"

ಸುತ್ತ ನಿಂತಿದ್ದ ಕೆಲಸದವರೆಲ್ಲ ಗೊಳ್ಳೆಂದು ನಕ್ಕರು. ಬಟಾಣಿಯ ಕಣ್ಣು ತುಂಬಿತು. "ಎಲ್ಲರೂ ನೋಡ್ತಾರಲ್ಲ... ಚೆನ್ನಾಗಿ ಕಾಣ್ಲಿ ಅಂತ..."

ಅಮ್ಮ ಬೈಯಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಳು. "ಗಾರೆ ಎಷ್ಟು ಹೊತ್ತು ತಡೆಯುತ್ತೆ ಮೇಸ್ತ್ರಿಗಳೇ?"

"ಊಟದ ಹೊತ್ತಿನ ತನಕ. ಆಮೇಲೆ ಕಲ್ಲು ವಾಪಸ್."

"ಬಟಾಣೀ, ನೀರು ತಾ."

ಬಟಾಣಿ ನಲ್ಲಿಯಿಂದ ನೀರು ಹೊತ್ತು ಹೊತ್ತು ತಂದಳು. ಅಮ್ಮ ಕಲ್ಲಿನ ನಾಲ್ಕೂ ಕಡೆ ನೀರು ಎರಚಿ, ಅದರ ಮುಂದೆ ಕುಕ್ಕರುಗಾಲಲ್ಲಿ ಕೂತಳು. "ಈಗ ಕಣ್ಣು ಮಿಟುಕಿಸಬೇಡ. ನೀರು ಆರೋವಾಗ ಪದರ ಕಾಣುತ್ತೆ. ಪೂರ್ತಿ ಆರಿದ್ರೆ ಮಾಯ."

ಬಿಸಿಲಿಗೆ ಕಲ್ಲಿನ ಬಣ್ಣ ನಿಧಾನವಾಗಿ ತಿಳಿಯಾಯಿತು. ಏನೂ ಇಲ್ಲ. ಏನೂ ಇಲ್ಲ. ಆಮೇಲೆ ಕೂದಲಿಗಿಂತ ತೆಳುವಾದ ಒದ್ದೆ ಗೆರೆಗಳು, ಒಂದರ ಕೆಳಗೊಂದು!

"ಅಮ್ಮಾ! ಅಡ್ಡಡ್ಡ ಬಂತು! ಕಾಪಿ ಬರೆಯೋ ಪುಸ್ತಕದ ಹಾಗೆ!"

"ಹಾಗಾದ್ರೆ ಮೇಲಿನ ಮೈ ಇದೇ." ಅಮ್ಮ ಕಲ್ಲಿನ ನೆತ್ತಿಯ ಮೇಲೆ ಇದ್ದಿಲಿನಲ್ಲಿ ಗೆರೆ ಎಳೆದಳು.

ಎರಡು. ಐದು. ಎಂಟು. ಹೊತ್ತು ನೆತ್ತಿಗೆ ಬರುವಾಗ ಹನ್ನೊಂದು ಮುಗಿದವು. ಹನ್ನೆರಡನೆಯದು ಮಾತ್ರ ಬಾಯಿ ಬಿಡಲಿಲ್ಲ. ಮೂರು ಸಲ ನೀರು ಎರಚಿದರೂ ಒಂದು ಗೆರೆಯಿಲ್ಲ. ಅಮ್ಮ ಉಗುರಿನಿಂದ ಕೆರೆದಳು. ಕಿವಿ ಹಚ್ಚಿ ಸುತ್ತಿಗೆಯಿಂದ ತಟ್ಟಿದಳು. ಊಹೂಂ. ಕೆತ್ತುವ ಮೊದಲು ಒರಟು ಮೈ ನೋಡಿ ತಿಳಿದದ್ದು, ಆರೂ ಮೈ ನುಣುಪಾದ ಮೇಲೆ ಈಗ ತಿಳಿಯಲಿಲ್ಲ.

ಮೇಸ್ತ್ರಿ ಬಿಸಿಲನ್ನು ನೋಡಿ ಕೆಮ್ಮಿದ.

"ಅಮ್ಮಾ, ಯಾವುದಾದ್ರೂ ಒಂದು ಕಡೆ ಎಳೆದುಬಿಡೇ," ಬಟಾಣಿ ಪಿಸುಗುಟ್ಟಿದಳು. "ಗೋಡೆ ಒಳಗೆ ಇರೋದು ಯಾರಿಗೆ ಗೊತ್ತಾಗುತ್ತೆ?"

"ಕಲ್ಲಿಗೆ ಗೊತ್ತಾಗುತ್ತೆ" ಎಂದಳು ಅಮ್ಮ.

ಅವಳು ಎದ್ದು, ಮೊಣಕಾಲಿನ ಮಣ್ಣು ಕೊಡವಿ, ಮೇಸ್ತ್ರಿಯ ಎದುರು ನಿಂತಳು. ಈಗ ತಲೆ ತಗ್ಗಿಸಿರಲಿಲ್ಲ. "ಹನ್ನೊಂದಕ್ಕೆ ನಾನು ಜವಾಬ್ದಾರಿ. ಇದೊಂದು ನನಗೆ ಗೊತ್ತಾಗ್ತಿಲ್ಲ. ಇದನ್ನ ಇಡಬೇಡಿ. ಬೇರೆ ಕೆತ್ತಿ ತರ್ತೀನಿ."

ಒಂದು ಕೆಟ್ಟರೂ ಬೇರೆಯವರು ಎಂದು ಮೇಸ್ತ್ರಿ ಹೇಳಿದ್ದು ಬಟಾಣಿಗೆ ನೆನಪಿತ್ತು. ಅವಳು ಅಮ್ಮನ ಸೆರಗು ಹಿಡಿದುಕೊಂಡಳು.

ಮೇಸ್ತ್ರಿ ಕನ್ನಡಕ ತೆಗೆದು, ಅಂಗಿಯ ತುದಿಯಿಂದ ಒರೆಸಿದ. ತುಂಬಾ ಹೊತ್ತು ಒರೆಸಿದ.

"ಹನ್ನೆರಡೂ ಸರಿ ಅಂದಿದ್ರೆ, ಒಂದನ್ನೂ ನಂಬ್ತಿರಲಿಲ್ಲ" ಎಂದ ಕೊನೆಗೆ. "ಗೊತ್ತಿಲ್ಲ ಅಂತ ಹೇಳೋರು ನನಗೆ ಸಿಗೋದೇ ಕಷ್ಟ. ಮೇಲೆ ಹತ್ತಿ, ಉಳಿದ ಗೋಡೆಯ ಅಳತೇನೂ ತಗೊಂಡು ಹೋಗಿ ಅಕ್ಕಾ. ಆದ್ರೆ ಇನ್ಮೇಲೆ ಇದ್ದಿಲು ಬೇಡ. ಉಳಿಯಲ್ಲೇ ಗುರುತು ಕೆತ್ತಿ. ನಿಮ್ಮನೇಲಿ ಕಲ್ಲಿಗೆ ಸ್ನಾನ ಮಾಡಿಸೋರಿದ್ದಾರೆ!"

ಮತ್ತೆ ಎಲ್ಲರೂ ನಕ್ಕರು. ಈ ಸಲ ಅಮ್ಮನೂ ನಕ್ಕಳು.

ಅಳತೆ ಟೇಪ್ ಹಿಡಿದು ಇಬ್ಬರೂ ಕುಸಿದ ಗೋಡೆಯ ಮೇಲೆ ಹತ್ತಿದರು. ಅಮ್ಮ ಹಳೆಯ ಕಲ್ಲೊಂದರ ಮೇಲಿನ ಮಣ್ಣನ್ನು ಅಂಗೈಯಿಂದ ಸರಿಸಿದಳು. ಕೋಳಿಕಾಲು! ಮುಂದಿನ ಕಲ್ಲು. ಅಲ್ಲೂ ಕೋಳಿಕಾಲು. ಅಮ್ಮನ ಕೈ ಅಲ್ಲೇ ನಿಂತಿತು. ಅವಳ ಬೆರಳು ಮೂರು ಗೆರೆಗಳ ಮೇಲೆ ಮೆಲ್ಲಗೆ ಹರಿದಾಡಿತು, ಪರಿಚಯದವರ ಕೈ ಹಿಡಿದಂತೆ.

ಬಟಾಣಿ ಬಗ್ಗಿ ಕಲ್ಲಿನ ಪಕ್ಕ ನೋಡಿದಳು. ಪಕ್ಕದಲ್ಲಿ ಗುರುತಿಲ್ಲ. ಮುಂದಿನದಕ್ಕೂ ಇಲ್ಲ. ಎಲ್ಲವಕ್ಕೂ ಮೇಲೆ ಮಾತ್ರ. ಮೇಲಿನ ಕಲ್ಲು ಕೂತ ಮೇಲೆ ಯಾರಿಗೂ ಕಾಣದ ಜಾಗದಲ್ಲಿ.

ಇದು ನೋಡುವವರಿಗೆ ಬರೆದದ್ದೇ ಅಲ್ಲ. ಇಡುವವರಿಗೆ ಬರೆದದ್ದು.

ಅವಳಿಗೆ ಮೈ ಜುಮ್ಮೆಂದಿತು. ಇದ್ದಿಲಲ್ಲಿ ಗೆರೆ ಎಳೆದರೆ ಎರಡೇ ಕ್ಷಣ. ಅದನ್ನು ಬಿಟ್ಟು, ಅಷ್ಟು ಕಷ್ಟಪಟ್ಟು ಕಲ್ಲನ್ನೇ ಕೆತ್ತಿದ್ದಾರೆ. ಯಾಕೆ? ಮಳೆ ಬಂದು ಗೆರೆ ಅಳಿಸಿಹೋಗಿತ್ತೇ? ಅಥವಾ ಆಗಲೂ ಮನೆಯಲ್ಲಿ ಯಾರೋ ಒಬ್ಬಳು ಕಲ್ಲು ಚೆನ್ನಾಗಿ ಕಾಣಲಿ ಎಂದು ತೊಳೆದುಬಿಟ್ಟಿದ್ದಳೇ?

ಕ್ಲಾಸಿನಲ್ಲಿ ಎಲ್ಲರೂ ಆಗಲೇ ಗುರುತು ಕೆತ್ತಿದವರ ಚಿತ್ರ ಬಿಡಿಸಿಯಾಗಿತ್ತು. ಎಲ್ಲರ ಹಾಳೆಯಲ್ಲೂ ದಪ್ಪ ತೋಳಿನ, ಗಿರಿಜಾ ಮೀಸೆಯ ಗಂಡಸು. ರೇಡಿಯೋ ಅಂತೂ ಅವನ ಕೈಗೆ ಚಿನ್ನದ ಸುತ್ತಿಗೆಯನ್ನೇ ಕೊಟ್ಟಿದ್ದ. ಬಟಾಣಿಯ ಹಾಳೆ ಮಾತ್ರ ಇನ್ನೂ ಖಾಲಿ.

ಅಮ್ಮ ಒಂದು ಕಣ್ಣು ಮುಚ್ಚಿಕೊಂಡು ಗೋಡೆಯ ನೇರ ನೋಡುತ್ತಿದ್ದಳು. ಹಣೆಯ ಮೇಲೆ ಬೆವರು, ಹುಬ್ಬಿನ ತುಂಬ ಬಿಳಿ ಪುಡಿ. ಬಟಾಣಿ ಅವಳನ್ನೇ ನೋಡಿದಳು, ಹುಬ್ಬು ಹೇಗಿದೆ, ಬೆರಳು ಎಲ್ಲಿ ಮಡಚಿದೆ ಎಂದು ಎಲ್ಲವನ್ನೂ ಒಂದೂ ಬಿಡದೆ.

"ಏನೇ ಹಾಗೆ ನೋಡ್ತಿದ್ದೀಯ?"

"ಏನಿಲ್ಲಮ್ಮಾ" ಎಂದಳು ಬಟಾಣಿ. "ಟೇಪಿನ ಆ ತುದಿ ನಾನು ಹಿಡ್ಕೋತೀನಿ, ಕೊಡು."