ಪೆಟೂನಿಯಾಗೆ ಬಾರದ ಜೇನು

“ಅಯ್ಯೋ, ಹೊಡೀಬೇಡಿ!”

ಸಂಜೀವ ಎತ್ತಿದ ಕೈಯನ್ನು ಯಾಮಿನಿ ಹಿಡಿದುಬಿಟ್ಟಿದ್ದಳು. ಅವನ ಕತ್ತಿನ ಮೇಲೆ ಅಕ್ಕಿಕಾಳಿನಷ್ಟು ಚಿಕ್ಕ ಜೇನೊಂದು ಬೆವರು ನೆಕ್ಕುತ್ತಿತ್ತು.

“ಕಡಿತೈತೇನ್ರಿ?”

“ಇಲ್ಲ, ಅದಕ್ಕೆ ಉಪ್ಪು ಬೇಕು. ನಿಮ್ಮ ಬೆವರು ಇಷ್ಟ ಆಗಿದೆ!” ಅವಳು ನಕ್ಕಳು. “ಊಟಕ್ಕೆ ಮಾತ್ರ ಅರ್ಫಜ್ ಹೂವೇ ಆಗ್ಬೇಕು. ಬೇರೆ ಹೂವನ್ನ ಮೂಸಿಯೂ ನೋಡಲ್ಲ.”

ಅದು 2009ರ ಏಪ್ರಿಲ್. ಬಾಗಲಕೋಟೆಯ ಸಂಜೀವ, ಕುವೈತಿನ ಮೀನಾ ಅಬ್ದುಲ್ಲಾ ಎಂಬಲ್ಲಿ ವರ್ಕರ್ಸ್ ಕ್ಯಾಂಪಿನ ಸೂಪರ್‌ವೈಸರ್. ಮೈಸೂರಿನ ಯಾಮಿನಿ ಕೀಟಗಳ ರಿಸರ್ಚರ್. ಕ್ಯಾಂಪಿನ ಹಿಂದಿನ ಹಳದಿ ಹೂವಿನ ಅರ್ಫಜ್ ಪೊದೆಗಳಿಗಾಗಿ ಪ್ರತಿ ಶುಕ್ರವಾರ, ರಜೆಯ ದಿನ, ತಾನಿದ್ದ ಫರ್ವಾನಿಯಾದಿಂದ ಬರುತ್ತಿದ್ದಳು. ಸಂಜೀವ ಶುಕ್ರವಾರ ಇಸ್ತ್ರಿ ಶರ್ಟು ಹಾಕತೊಡಗಿದ. ಸೆಂಟ್ ಮಾತ್ರ ಬಿಟ್ಟ, ಜೇನಿಗೆ ಬೇಜಾರಾದೀತೆಂದು.

ಅಷ್ಟರಲ್ಲಿ ಸೇಫ್ಟಿ ಇನ್ಸ್‌ಪೆಕ್ಷನ್ ಬಂತು. “ಆ ಕಾಡುಗಿಡ ತೆಗೆಸು, ಯಲ್ಲಾ, ಬೇಗ!” ಅಂದ ಮ್ಯಾನೇಜರ್ ಚಾರ್ಲ್ಸ್. ಸಂಜೀವ ಆ ದೇಶದಲ್ಲಿ ಉಳಿಯಲು ಬೇಕಾದ ಪರ್ಮಿಟ್, ಇಕಾಮಾದ ಕಾಗದ, ಸಹಿಗಾಗಿ ಅವನ ಮೇಜಿನ ಮೇಲೇ ಇತ್ತು. ಅಕ್ಕಿ ಮೇಲೆ ಆಸೆ, ನೆಂಟರ ಮೇಲೆ ಪ್ರೀತಿ. ಸಂಜೀವ ಬಾಯಿ ಮುಚ್ಚಿಕೊಂಡು ತಾನೇ ಪೊದೆಗಳನ್ನು ಕಡಿದ. ಯಾಮಿನಿಗೂ ಖುಷಿಯಾಗಲೆಂದು ಅಲ್ಲಿ ಬಣ್ಣಬಣ್ಣದ ಪೆಟೂನಿಯಾ ಹೂಗಿಡ ನೆಟ್ಟ.

ಶುಕ್ರವಾರ ಯಾಮಿನಿಯ ಮುಖ ಬಿಳಿಚಿತು. “ಯಾರು ಕಡಿದದ್ದು?”

“ಯಾರೋ ಮುನಿಸಿಪಾಲಿಟಿಯವರು, ನಾ ಇರಲಿಲ್ರಿ.”

“ಗೊತ್ತು. ನೀವಿದ್ದಿದ್ರೆ ಬಿಡ್ತಿರ್ಲಿಲ್ಲ.”

ಆ ನಂಬಿಕೆ ಅವನನ್ನು ಸುಟ್ಟಿತು. ಮುಂದಿನ ಎರಡು ಶುಕ್ರವಾರವೂ ಅವಳು ಪೆಟೂನಿಯಾ ಪಕ್ಕ ನೋಟ್‌ಬುಕ್ ಹಿಡಿದು ಕುಳಿತಳು. ಒಂದು ಜೇನೂ ಬರಲಿಲ್ಲ. ಅವಳು ತಂದ ಪುಳಿಯೋಗರೆಯನ್ನು ಅವನು ತಿನ್ನದೆ ಪಕ್ಕಕ್ಕಿಟ್ಟ. ಆಗ ಎಲ್ಲಿಂದಲೋ ಬಂದ ಒಂದೇ ಜೇನು ಅವನ ಕತ್ತಿನ ಬೆವರು ಕುಡಿದು, ಕಡಿದ ಮೋಟುಗಳ ಮೇಲೆ ಸುತ್ತಿ ಸುತ್ತಿ ಹುಡುಕತೊಡಗಿತು.

“ನಾನ ಕಡ್ದೀನ್ರಿ,” ಅಂದ ಸಂಜೀವ. “ಇಕಾಮಾ ಹೆದರಿಕಿಗೆ ಕಡ್ದೆ. ನೀವು ಬರೂದು ನಿಲ್ಲಸ್ತೀರಿ ಅಂತ ಸುಳ್ಳು ಹೇಳ್ದೆ. ನಿಮ್ಮ ಮ್ಯಾಲೆ ಮನಸೈತ್ರಿ. ಹೇಳಾಕ ಮಾರಿ ಇಲ್ಲ.”

ಅವಳು ಬಗ್ಗಿ ಒಂದು ಮೋಟನ್ನು ಮುಟ್ಟಿ ನೋಡಿದಳು. ನಾಚಿಕೆಯಿಂದ ಅವನು ತಲೆ ಎತ್ತಲಿಲ್ಲ.

“ಬೇರು?”

“ಕಿತ್ತಿಲ್ಲ.”

“ಹಾಗಾದ್ರೆ ಮಳೆ ಬಿದ್ಮೇಲೆ ಚಿಗುರುತ್ತೆ. ಜೇನಿಗೋಸ್ಕರ ಬರ್ತೀನಿ.” ಅವಳು ಬ್ಯಾಗು ಎತ್ತಿಕೊಂಡಳು. “ನಿಮಗೋಸ್ಕರ ಬರ್ಬೇಕಾ? ಆ ಚಿಗುರನ್ನ ಉಳಿಸ್ಕೊಳ್ಳಿ.”

ಸಂಜೀವ ಅಲ್ಲೇ ಮೊಬೈಲ್ ತೆಗೆದ. ಇಕಾಮಾಗೆ ಇನ್ನೂ ಸಹಿ ಬಿದ್ದಿರಲಿಲ್ಲ.

“ಚಾರ್ಲ್ಸ್ ಸರ್, ಹಿಂದಿನ ಗಿಡ ಇನ್ನ ಮ್ಯಾಲೆ ನಾ ಕಡಿಯೂದಿಲ್ಲ. ಯಾರಿಗೂ ಕಡಿಯಾಕ ಬಿಡೂದಿಲ್ಲ.”

ಆ ಕಡೆಯ ಕೂಗಾಟ ಯಾಮಿನಿಗೂ ಕೇಳಿಸಿತು. ಅವನು ಫೋನ್ ಕಟ್ ಮಾಡಿ ಕೈ ಇಳಿಸಿದ. ಅವಳು ಬ್ಯಾಗು ಕೆಳಗಿಟ್ಟು, ಮೊದಲ ದಿನದಂತೆಯೇ ಆ ಕೈ ಹಿಡಿದುಕೊಂಡಳು.